ಮಕ್ಕಳ ಕಾಯಿಲೆ ಮತ್ತು ಕುಟುಂಬ: ನುಂಗಂಬಾಕ್ಕಂ ಪರಿಸರದ ಚರಿತ್ರೆ

ಮಕ್ಕಳ ಆರೋಗ್ಯದ ಚರಿತ್ರೆಯನ್ನು ಆಸ್ಪತ್ರೆ, ಲಸಿಕೆ ಮತ್ತು ಕಾಯಿದೆಗಳ ಚರಿತ್ರೆಯಾಗಿ ಬರೆಯುವುದು ರೂಢಿಯಲ್ಲಿದೆಯಾದರೂ, ಮಗುವಿನ ಮೈ ಬಿಸಿಯಾದುದನ್ನು ಮೊದಲು ಗುರುತಿಸುವವರು, ಮದ್ದು ಅರೆಯಬೇಕೋ ಹರಕೆ ಹೊರಬೇಕೋ ವೈದ್ಯರ ಬಳಿಗೆ ಒಯ್ಯಬೇಕೋ ಎಂದು ತೀರ್ಮಾನಿಸುವವರು, ರಾತ್ರಿಯಿಡೀ ಪಕ್ಕದಲ್ಲಿ ಎಚ್ಚರವಿರುವವರು ಮನೆಯವರೇ ಆದುದರಿಂದ, ಈ ಚರಿತ್ರೆಯ ಹೆಚ್ಚಿನ ಭಾಗ ನಡೆದಿರುವುದು ಮನೆಯ ಒಳಗೆ. ಚೆನ್ನೈ ನಗರದ ನಡುಭಾಗದಲ್ಲಿರುವ ನುಂಗಂಬಾಕ್ಕಂ ಮತ್ತು ಅದಕ್ಕೆ ಹೊಂದಿಕೊಂಡಿರುವ ಚೇಟ್‌ಪೇಟ್, ಎಗ್ಮೋರ್, ಥೌಸಂಡ್ ಲೈಟ್ಸ್ ಬಡಾವಣೆಗಳು ಈ ಚರಿತ್ರೆಯನ್ನು ಹತ್ತಿರದಿಂದ ನೋಡಲು ತಕ್ಕ ಸ್ಥಳಗಳಾಗಿವೆ. ಪರದೆ ಪಾಲಿಸುವ ಸ್ತ್ರೀಯರಿಗಾಗಿ ತೆರೆದ ಆಸ್ಪತ್ರೆ, ಶಾಲೆಯಲ್ಲಿ ಮಧ್ಯಾಹ್ನದ ಊಟ ನೀಡುವ ಮೊದಲ ಪ್ರಯತ್ನ, ಕ್ಷಯರೋಗಿಗೆ ಮನೆಯಲ್ಲಿಯೇ ಚಿಕಿತ್ಸೆ ಕೊಡಬಹುದೆಂದು ತೋರಿಸಿದ ಅಧ್ಯಯನ, ಮಕ್ಕಳಿಗೆಂದೇ ಕಟ್ಟಿದ ದೊಡ್ಡ ಆಸ್ಪತ್ರೆಗಳು ಇವೆಲ್ಲವೂ ಕೆಲವೇ ಮೈಲಿಗಳ ಸುತ್ತಳತೆಯಲ್ಲಿ ರೂಪುಗೊಂಡವು. ಮನೆಯನ್ನು ಅಜ್ಞಾನದ ನೆಲೆಯೆಂದು ಬಗೆದ ಯೋಜನೆಗಳಿಗಿಂತ ಮನೆಯವರನ್ನು ಚಿಕಿತ್ಸೆಯ ಪಾಲುದಾರರಾಗಿ ಒಪ್ಪಿಕೊಂಡ ಯೋಜನೆಗಳೇ ಇಲ್ಲಿ ನೆಲೆಯೂರಿದವು ಎಂಬುದು ಈ ಚರಿತ್ರೆಯಲ್ಲಿ ಎದ್ದು ಕಾಣುವ ಸಂಗತಿ.

ನುಂಗಂಬಾಕ್ಕಂ 1708ರಲ್ಲಿ ಈಸ್ಟ್ ಇಂಡಿಯಾ ಕಂಪನಿಯ ವಶಕ್ಕೆ ಬಂದ ಐದು ಹಳ್ಳಿಗಳಲ್ಲಿ ಒಂದು. ದೊಡ್ಡ ಕೆರೆಯ ದಂಡೆಯ ಮೇಲಿದ್ದ ಈ ಹಳ್ಳಿಯಲ್ಲಿ ಮುಂದೆ ಐರೋಪ್ಯರ ತೋಟದ ಬಂಗಲೆಗಳು ಎದ್ದವು. 1792ರಲ್ಲಿ ಖಗೋಳ ವೀಕ್ಷಣಾಲಯ ಬಂತು. ಕಂಪನಿಯ ಅಧಿಕಾರಿಗಳಿಗೆ ದೇಶಭಾಷೆಗಳನ್ನು ಕಲಿಸಲು 1812ರಲ್ಲಿ ಆರಂಭವಾದ ಫೋರ್ಟ್ ಸೇಂಟ್ ಜಾರ್ಜ್ ಕಾಲೇಜು ಕೆಲಕಾಲದ ಮೇಲೆ ಇಲ್ಲಿಗೆ ಸ್ಥಳಾಂತರಗೊಂಡು, ಇಂದಿನ ಕಾಲೇಜು ರಸ್ತೆಗೆ ಆ ಹೆಸರನ್ನು ಬಿಟ್ಟುಹೋಯಿತು. ಕನ್ನಡ ಓದುಗರಿಗೆ ಈ ಕಾಲೇಜು ಅಪರಿಚಿತವಲ್ಲ. ಜಾನ್ ಮೆಕೆರಲ್‌ನ ಕರ್ಣಾಟಕ ವ್ಯಾಕರಣ 1820ರಲ್ಲಿ, ವಿಲಿಯಂ ರೀವ್‌ನ ಕನ್ನಡ ನಿಘಂಟು 1832ರಲ್ಲಿ ಇದರ ಮುದ್ರಣಾಲಯದಿಂದಲೇ ಹೊರಬಂದವು. ದಕ್ಷಿಣ ಕನ್ನಡ ಜಿಲ್ಲೆ 1956ರವರೆಗೂ ಬಳ್ಳಾರಿ ಜಿಲ್ಲೆ 1953ರವರೆಗೂ ಮದ್ರಾಸಿನ ಆಡಳಿತಕ್ಕೆ ಒಳಪಟ್ಟಿದ್ದುದರಿಂದ, ಓದಿಗೆ, ನೌಕರಿಗೆ, ಹೋಟೆಲು ವ್ಯಾಪಾರಕ್ಕೆ ಬಂದು ನೆಲೆಸಿದ ಕನ್ನಡ ಕುಟುಂಬಗಳ ಬಾಣಂತನ, ಮಕ್ಕಳ ಮದ್ದು ಮತ್ತು ಆಸ್ಪತ್ರೆಯ ಅನುಭವಗಳೂ ಈ ನಗರದ ಚರಿತ್ರೆಯಲ್ಲಿ ಬೆರೆತಿವೆ.

ಮನೆಯೊಳಗಿನ ಕಾಯಿಲೆಗೆ ದಾಖಲೆಗಳು ವಿರಳ. ನಗರಸಭೆಯ ಜನನ ಮರಣ ಪುಸ್ತಕಗಳು ಸಾವನ್ನು ಎಣಿಸುತ್ತವೆಯೇ ಹೊರತು ಆರೈಕೆಯನ್ನು ಬರೆದಿಡುವುದಿಲ್ಲ. ಆದುದರಿಂದ ಚರಿತ್ರಕಾರರು ಜಾತಕದ ಕಟ್ಟುಗಳು, ಕುಟುಂಬದ ಪತ್ರಗಳು, ಆತ್ಮಕಥೆಗಳು, ಹರಕೆಯ ಸಂಪ್ರದಾಯಗಳು ಮುಂತಾದ ಪರೋಕ್ಷ ಸಾಕ್ಷ್ಯಗಳನ್ನು ಆಶ್ರಯಿಸಬೇಕಾಗುತ್ತದೆ. ಅಂಥ ಸಾಕ್ಷ್ಯಗಳಲ್ಲಿ ಮನಸ್ಸನ್ನು ಹೆಚ್ಚು ಕಲಕುವುದು ಮಕ್ಕಳ ಹೆಸರುಗಳು. ಮೇಲಿಂದ ಮೇಲೆ ಕೂಸುಗಳನ್ನು ಕಳೆದುಕೊಂಡ ತಾಯಿತಂದೆಯರು ಮುಂದೆ ಹುಟ್ಟಿದ ಮಗುವಿನ ಮೇಲೆ ಯಾವ ಕೆಟ್ಟ ಕಣ್ಣೂ ಬೀಳದಿರಲೆಂದು ಅದನ್ನು ತಿಪ್ಪೆಯ ಮೇಲೆ ಉರುಳಿಸಿ ತಿಪ್ಪ, ತಿಪ್ಪಮ್ಮ ಎಂದು ಕನ್ನಡ ನಾಡಿನಲ್ಲಿಯೂ, ಕಸದ ಹೆಸರಿನಿಂದ ಕುಪ್ಪನ್, ಕುಪ್ಪಮ್ಮಾಳ್ ಎಂದೋ ಭಿಕ್ಷೆಯ ಹೆಸರಿನಿಂದ ಪಿಚ್ಚೈ ಎಂದೋ ತಮಿಳು ನಾಡಿನಲ್ಲಿಯೂ ಕರೆಯುತ್ತಿದ್ದರು. ಇಂಥ ಹೆಸರುಗಳ ಹಿಂದೆ ಆ ಮನೆಯಲ್ಲಿ ಮೊದಲೇ ಸತ್ತ ಮಕ್ಕಳಿದ್ದಾರೆ. ಗಣಿತಜ್ಞ ಶ್ರೀನಿವಾಸ ರಾಮಾನುಜನ್ ಎರಡು ವರ್ಷದ ಕೂಸಾಗಿದ್ದಾಗ, 1889ರಲ್ಲಿ, ಸಿಡುಬಿನಿಂದ ಬದುಕಿ ಉಳಿದರಾದರೂ ಅವರ ಬಾಲ್ಯದಲ್ಲಿ ಹುಟ್ಟಿದ ಮೂವರು ತಮ್ಮತಂಗಿಯರು ಮೊದಲ ವರ್ಷ ತುಂಬುವ ಮುನ್ನವೇ ತೀರಿಕೊಂಡರು. ಮುಂದೆ 1920ರಲ್ಲಿ ಅವರು ಕೊನೆಯುಸಿರೆಳೆದುದು ನುಂಗಂಬಾಕ್ಕಂಗೆ ಹೊಂದಿಕೊಂಡ ಚೇಟ್‌ಪೇಟ್‌ನಲ್ಲಿ. ಇದು ಆ ಕಾಲದ ಅಪರೂಪದ ದುರಂತವಲ್ಲ. 20ನೇ ಶತಮಾನದ ಮೊದಲ ದಶಕಗಳಲ್ಲಿ ಮದ್ರಾಸಿನಲ್ಲಿ ಹುಟ್ಟಿದ ಪ್ರತಿ 1000 ಕೂಸುಗಳಲ್ಲಿ 200ಕ್ಕೂ ಹೆಚ್ಚು ವರ್ಷದೊಳಗೆ ಸಾಯುತ್ತಿದ್ದವು.

ಮನೆಮದ್ದು ಮತ್ತು ಬಾಲವೈದ್ಯ

ಆಯುರ್ವೇದದ ಎಂಟು ಅಂಗಗಳಲ್ಲಿ ಒಂದಾದ ಕೌಮಾರಭೃತ್ಯವು ಗರ್ಭಿಣಿಯ ಆರೈಕೆ, ಕೂಸಿನ ಪೋಷಣೆ, ಎದೆಹಾಲಿನ ಗುಣದೋಷ ಮತ್ತು ಮಕ್ಕಳ ರೋಗಗಳನ್ನು ಒಟ್ಟಿಗೆ ಪರಿಗಣಿಸುವ ಶಾಸ್ತ್ರ. ಕಾಶ್ಯಪ ಸಂಹಿತೆ ಇದರ ಪ್ರಧಾನ ಗ್ರಂಥ. ಕನ್ನಡದಲ್ಲಿ ಸುಮಾರು 1200ರ ವೇಳೆಗೆ ದೇವೇಂದ್ರಮುನಿ ರಚಿಸಿದ ಬಾಲಗ್ರಹಚಿಕಿತ್ಸೆ ಎಂಬ ಕೃತಿಯಿದೆ. ಮಗುವಿಗೆ ಇದ್ದಕ್ಕಿದ್ದಂತೆ ಬರುವ ಸೆಳವು, ಬಿಡದ ಅಳು, ಹಾಲು ಕುಡಿಯದಿರುವಿಕೆ ಮೊದಲಾದ ಲಕ್ಷಣಗಳನ್ನು ಬಾಲಗ್ರಹಗಳೆಂಬ ಶಕ್ತಿಗಳ ಪೀಡೆಯೆಂದು ವರ್ಗೀಕರಿಸಿ, ಮದ್ದು, ಧೂಪ, ಬಲಿ ಮತ್ತು ಮಂತ್ರಗಳನ್ನು ಒಂದೇ ಚಿಕಿತ್ಸೆಯ ಭಾಗಗಳಾಗಿ ಹೇಳುವುದು ಈ ಸಂಪ್ರದಾಯದ ಕ್ರಮ. ಧನುರ್ವಾಯು, ಮಿದುಳುಜ್ವರ, ಅಪಸ್ಮಾರ ಎಂದು ಇಂದು ಬೇರೆ ಬೇರೆಯಾಗಿ ಗುರುತಿಸಲಾಗುವ ಕಾಯಿಲೆಗಳೆಲ್ಲ ಆಗ ಒಂದೇ ಹೆಸರಿನ ಕೆಳಗೆ ಸೇರಿದ್ದವು.

ಗ್ರಂಥಗಳಿಗಿಂತ ವ್ಯಾಪಕವಾಗಿದ್ದುದು ಅಜ್ಜಿಯರ ತಿಳಿವಳಿಕೆ. ಬಜೆ, ಜಾಯಿಕಾಯಿ, ಮಾಚಿಕಾಯಿ, ಅಳಲೆಕಾಯಿ, ಶುಂಠಿಗಳನ್ನು ಸಾಣೆಕಲ್ಲಿನ ಮೇಲೆ ಎದೆಹಾಲಿನಲ್ಲಿಯೋ ನೀರಿನಲ್ಲಿಯೋ ಒಂದೆರಡು ಸುತ್ತು ತೇದು ನೆಕ್ಕಿಸುವ ಪದ್ಧತಿ ಕನ್ನಡ ಮತ್ತು ತಮಿಳು ಮನೆಗಳಿಗೆ ಸಮಾನವಾದುದು. ತಮಿಳರು ಇದನ್ನು ಉರೈ ಮರುಂದು ಎನ್ನುತ್ತಾರೆ. ಒಳಲೆಯಲ್ಲಿ ಹಾಲು ಹನಿಸುವುದು, ಎಣ್ಣೆ ಹಚ್ಚಿ ಕಾಲ ಮೇಲೆ ಮಲಗಿಸಿಕೊಂಡು ಬಿಸಿನೀರು ಹುಯ್ಯುವುದು, ಸಾಂಬ್ರಾಣಿ ಹೊಗೆ ಹಿಡಿಯುವುದು, ಸಂಜೆಗೆ ದೃಷ್ಟಿ ತೆಗೆಯುವುದು ಇವು ದಿನಚರಿಯ ಭಾಗಗಳಾಗಿದ್ದವು. ಹೊಟ್ಟೆನೋವಿಗೆ ಓಮದ ನೀರು ಕೊಡುತ್ತಿದ್ದ ಮನೆಗಳಿಗೆ ಇಂಗ್ಲೆಂಡಿನಲ್ಲಿ 19ನೇ ಶತಮಾನದಲ್ಲಿ ಹುಟ್ಟಿದ ವುಡ್‌ವರ್ಡ್ಸ್ ಗ್ರೈಪ್ ವಾಟರ್ ಸುಲಭವಾಗಿ ಪ್ರವೇಶಿಸಿತು. ಈ ಆರೈಕೆಯಲ್ಲಿ ಹಿತವಾದುದೂ ಅಪಾಯಕರವಾದುದೂ ಬೆರೆತಿದ್ದವು. ತಾಯಿಗೆ ತಿಂಗಳುಗಟ್ಟಲೆ ವಿಶ್ರಾಂತಿ ಮತ್ತು ವಿಶೇಷ ಆಹಾರ ಕೊಡುವ ಬಾಣಂತನ ಕೂಸಿಗೆ ರಕ್ಷಣೆಯಾಗಿತ್ತು. ಆದರೆ ಹೆರಿಗೆಯಾದ ಮೊದಲ ದಿನಗಳ ದಪ್ಪನೆಯ ಹಳದಿ ಹಾಲು ಕೆಟ್ಟದ್ದೆಂದು ಹಿಂಡಿ ಚೆಲ್ಲಿ, ಬದಲಿಗೆ ಸಕ್ಕರೆನೀರನ್ನೋ ಹರಳೆಣ್ಣೆಯನ್ನೋ ಕೊಡುತ್ತಿದ್ದುದರಿಂದ ಸೋಂಕನ್ನು ತಡೆಯುವ ಮೊದಲ ಆಹಾರವೇ ಕೂಸಿಗೆ ತಪ್ಪುತ್ತಿತ್ತು. ಕನ್ನಡದಲ್ಲಿ ಇಂಥ ವಿಷಯಗಳನ್ನು ಗೃಹಿಣಿಯರಿಗೆ ನೇರವಾಗಿ, ಗೌರವದಿಂದ ತಿಳಿಸಿದ ಪುಸ್ತಕಗಳಲ್ಲಿ ವೈದ್ಯೆಯೂ ಕಾದಂಬರಿಗಾರ್ತಿಯೂ ಆಗಿದ್ದ ಅನುಪಮಾ ನಿರಂಜನ ಅವರ ತಾಯಿ-ಮಗು ಮುಖ್ಯವಾದುದು.

ಐರೋಪ್ಯ ಕುಟುಂಬಗಳ ಅನುಭವ ಬೇರೆ ರೀತಿಯದು. ಮದ್ರಾಸಿನ ಬಿಸಿಲು ಮಕ್ಕಳಿಗೆ ಆಗದೆಂಬ ನಂಬಿಕೆಯಿಂದ, ಅನುಕೂಲವುಳ್ಳವರು ಮಕ್ಕಳನ್ನು ಐದಾರು ವರ್ಷಕ್ಕೇ ನೀಲಗಿರಿಗೋ ಇಂಗ್ಲೆಂಡಿಗೋ ಕಳುಹಿಸಿಬಿಡುತ್ತಿದ್ದರು. ಮಗು ಬದುಕಬೇಕೆಂದರೆ ಅದು ತಾಯಿಯಿಂದ ದೂರವಾಗಬೇಕು ಎಂಬ ಕ್ರೂರ ಆಯ್ಕೆಯನ್ನು ಬಂಗಲೆಗಳ ಒಳಗಿನವರೂ ಎದುರಿಸಬೇಕಾಗಿತ್ತು.

ಸಿಡುಬು: ದೇವಿ, ಬೇವು ಮತ್ತು ದೇವಿ ಹಾಕಿಸುವುದು

ಕುಟುಂಬ ಮತ್ತು ಸರ್ಕಾರ ಮಗುವಿನ ಮೈಯ ವಿಷಯದಲ್ಲಿ ಮೊದಲ ಬಾರಿ ಮುಖಾಮುಖಿಯಾದುದು ಸಿಡುಬಿನ ಸಂದರ್ಭದಲ್ಲಿ. ಕನ್ನಡಿಗರು ಅಮ್ಮ ಎಂದೂ ತಮಿಳರು ಅಮ್ಮೈ ಎಂದೂ ಕರೆದ ಈ ರೋಗವನ್ನು ಮಾರಮ್ಮ ಅಥವಾ ಮಾರಿಯಮ್ಮನ್ ದೇವಿಯ ಆಗಮನವೆಂದು ಭಾವಿಸಲಾಗುತ್ತಿತ್ತು. ಬಾಗಿಲಿಗೆ ಬೇವಿನ ಸೊಪ್ಪು ಕಟ್ಟುವುದು, ಒಗ್ಗರಣೆ ನಿಲ್ಲಿಸುವುದು, ಹೊರಗಿನವರನ್ನು ಒಳಗೆ ಬಿಡದಿರುವುದು, ತಂಪಾದ ಆಹಾರ ಕೊಡುವುದು, ಗುಳ್ಳೆ ಒಣಗಿದ ಮೇಲೆ ನೀರು ಹುಯ್ಯುವುದು ಎಂಬ ಕಟ್ಟುಪಾಡುಗಳು ಭಕ್ತಿಯಿಂದ ಹುಟ್ಟಿದವಾದರೂ, ರೋಗಿಯನ್ನು ಬೇರ್ಪಡಿಸಿ ಆರೈಕೆ ಮಾಡುವ ವ್ಯವಸ್ಥೆಯಾಗಿಯೂ ಕೆಲಸ ಮಾಡಿದವು. ಕಾಯಿಲೆ ಬಿದ್ದ ಮಗು ಮನೆಯಲ್ಲಿ ಅಪರಾಧಿಯಾಗದೆ ದೇವಿ ಬಂದ ಮೈಯಾಗಿ ಗೌರವ ಪಡೆಯುತ್ತಿದ್ದುದು ಈ ನಂಬಿಕೆಯ ಹಿರಿಮೆ.

ಹಸುವಿನ ಸಿಡುಬಿನ ರಸವನ್ನು ಚುಚ್ಚಿ ಮನುಷ್ಯರ ಸಿಡುಬನ್ನು ತಡೆಯುವ ಜೆನ್ನರನ ವಿಧಾನ 1802ರಲ್ಲಿ ಭಾರತಕ್ಕೆ ಬಂತು. ಕನ್ನಡ ನಾಡಿನಲ್ಲಿ ಇದಕ್ಕೆ ದೊರೆತ ಮೊದಲ ಬೆಂಬಲ ರಾಜಮನೆತನದ ಕುಟುಂಬದಿಂದ. ಥಾಮಸ್ ಹಿಕಿ 1805ರ ಸುಮಾರಿಗೆ ಬರೆದ ಮೂವರು ರಾಜಸ್ತ್ರೀಯರ ವರ್ಣಚಿತ್ರದಲ್ಲಿ ಬಲಗಡೆಯಲ್ಲಿರುವವರು ಮುಮ್ಮಡಿ ಕೃಷ್ಣರಾಜ ಒಡೆಯರ ರಾಣಿಯೆಂದೂ, ಸೀರೆಯ ಸೆರಗನ್ನು ಸರಿಸಿ ಅವರು ತೋರುತ್ತಿರುವುದು ಲಸಿಕೆ ಹಾಕಿಸಿಕೊಂಡ ತೋಳನ್ನೆಂದೂ ಚರಿತ್ರಕಾರ ನೈಜೆಲ್ ಚಾನ್ಸಲರ್ ವಾದಿಸಿದ್ದಾರೆ. ಮದ್ರಾಸಿನಲ್ಲಿ ಜನರನ್ನು ಒಪ್ಪಿಸುವ ಮಾರ್ಗ ಬೇರೆಯಾಗಿತ್ತು. ಕಲೆಕ್ಟರನೂ ಫೋರ್ಟ್ ಸೇಂಟ್ ಜಾರ್ಜ್ ಕಾಲೇಜಿನ ಸ್ಥಾಪಕನೂ ಆಗಿದ್ದ ಫ್ರಾನ್ಸಿಸ್ ವೈಟ್ ಎಲ್ಲಿಸ್, ಹಸುವಿನ ಮೂಲಕ ಬಂದ ಈ ರಕ್ಷೆ ದೇವಿಯೇ ಕೊಟ್ಟ ವರವೆಂದು ಹೇಳುವ ಕಥನವೊಂದನ್ನು ದೇವಿ ಮತ್ತು ಧನ್ವಂತರಿಯ ಸಂವಾದದ ರೂಪದಲ್ಲಿ ರಚಿಸಿದನು. ತಾಯಂದಿರ ನಂಬಿಕೆಯನ್ನು ಅಲ್ಲಗಳೆಯುವ ಬದಲು ಅದರೊಳಗಿನಿಂದಲೇ ಮಾತನಾಡಲು ಯತ್ನಿಸಿದುದು ಈ ರಚನೆಯ ವಿಶೇಷ. ಆದರೂ ಶಾಸ್ತ್ರದ ಹೆಸರಿನಲ್ಲಿ ಹೊಸದನ್ನು ಹಳೆಯದೆಂದು ಹೇಳುವ ಇಂಥ ವಿಧಾನ ಪ್ರಾಮಾಣಿಕವೆನಿಸಲಾರದು.

ಮನೆಯವರ ಹಿಂಜರಿಕೆಗೆ ಮೂಢನಂಬಿಕೆಯೊಂದೇ ಕಾರಣವಾಗಿರಲಿಲ್ಲ. ಆರಂಭದ ದಶಕಗಳಲ್ಲಿ ರಸವನ್ನು ಒಂದು ಮಗುವಿನ ತೋಳಿನಿಂದ ತೆಗೆದು ಇನ್ನೊಂದು ಮಗುವಿನ ತೋಳಿಗೆ ದಾಟಿಸುತ್ತಿದ್ದುದರಿಂದ, ನೋವುಳ್ಳ ಹುಣ್ಣನ್ನು ಮತ್ತೆ ಕೆದಕುವುದನ್ನು ಯಾವ ತಾಯಿಯೂ ಸಹಿಸುತ್ತಿರಲಿಲ್ಲ. ಬೇರೆ ರೋಗಗಳು ದಾಟುವ ಅಪಾಯವೂ ನಿಜವಾಗಿತ್ತು. ಜಾತಿಯ ಮೈಲಿಗೆಯ ಭಯವೂ ಜೊತೆಗಿತ್ತು. ಕರುವಿನ ಮೈಮೇಲೆ ರಸವನ್ನು ಬೆಳೆಸುವ ವಿಧಾನ 19ನೇ ಶತಮಾನದ ಕೊನೆಯಲ್ಲಿ ಹರಡಿದ ಮೇಲೆ, ಗಿಂಡಿಯ ಕಿಂಗ್ ಇನ್‌ಸ್ಟಿಟ್ಯೂಟ್ ಮದ್ರಾಸ್ ಪ್ರಾಂತಕ್ಕೆಲ್ಲ ಲಸಿಕೆ ಒದಗಿಸುವ ಕೇಂದ್ರವಾಯಿತು. ಭಾರತದಲ್ಲಿ ಸಿಡುಬಿನ ಕೊನೆಯ ಪ್ರಕರಣ 1975ರಲ್ಲಿ ಕಂಡುಬಂತು. ದೇವಿ ಹಾಕಿಸುವುದು ಎಂಬ ಮಾತು ಕನ್ನಡದಲ್ಲಿ ಲಸಿಕೆಗೇ ನಿಂತುಬಿಟ್ಟಿದ್ದು, ಸೀತಾಳೆ ಸಿಡುಬಿನ ಸಂದರ್ಭದಲ್ಲಿ ಬೇವಿನ ಸೊಪ್ಪಿನ ಆರೈಕೆ ಈಗಲೂ ಚೆನ್ನೈನ ಅಪಾರ್ಟ್‌ಮೆಂಟುಗಳಲ್ಲಿ ಕಾಣಸಿಗುತ್ತದೆ.

ಹೆರಿಗೆ ಮತ್ತು ಪರದೆಯ ಆಸ್ಪತ್ರೆ

ಕೂಸಿನ ಬದುಕು ಬಹುಮಟ್ಟಿಗೆ ಹೆರಿಗೆಯ ಕೋಣೆಯಲ್ಲಿಯೇ ನಿರ್ಧಾರವಾಗುತ್ತಿತ್ತು. ಸೂಲಗಿತ್ತಿಯ ಕೈಗುಣ ಎಷ್ಟು ಒಳ್ಳೆಯದಾಗಿದ್ದರೂ, ಕುದಿಸದ ಕುಡುಗೋಲು ಅಥವಾ ಬ್ಲೇಡಿನಿಂದ ಹೊಕ್ಕುಳಬಳ್ಳಿ ಕತ್ತರಿಸಿದಾಗ ಧನುರ್ವಾಯು ತಗಲಿ ಕೂಸು ವಾರದೊಳಗೆ ಸಾಯುವ ಅಪಾಯವಿತ್ತು. ಈ ದೋಷಕ್ಕಾಗಿ ಸೂಲಗಿತ್ತಿಯರನ್ನು ಒಟ್ಟಾಗಿ ನಿಂದಿಸಿದ ಆಡಳಿತದ ಬರಹಗಳು, ವೈದ್ಯರೇ ಇಲ್ಲದ ಕಡೆ ಅವರು ಸಲ್ಲಿಸಿದ ಸೇವೆಯನ್ನು ಮರೆತವು. ಪಾವಗಡದ ಸೂಲಗಿತ್ತಿ ನರಸಮ್ಮನವರಿಗೆ 2018ರಲ್ಲಿ ಪದ್ಮಶ್ರೀ ದೊರೆತುದು ಆ ಮರೆವಿಗೆ ತಡವಾಗಿ ಬಂದ ಪರಿಹಾರ. ಗರ್ಭಿಣಿಯರಿಗೆ ಚುಚ್ಚುಮದ್ದು ಕೊಡುವುದು ಮತ್ತು ಹೆರಿಗೆಯಲ್ಲಿ ಶುಚಿತ್ವ ಪಾಲಿಸುವುದು ರೂಢಿಗೆ ಬಂದ ಮೇಲೆ ನವಜಾತ ಧನುರ್ವಾಯು ಸಾರ್ವಜನಿಕ ಆರೋಗ್ಯದ ಸಮಸ್ಯೆಯಾಗಿ ಉಳಿದಿಲ್ಲವೆಂದು ಭಾರತದಲ್ಲಿ 2015ರಲ್ಲಿ ಘೋಷಿಸಲಾಯಿತು.

ಮದ್ರಾಸಿನ ಹೆರಿಗೆ ಆಸ್ಪತ್ರೆ 1844ರಲ್ಲಿ ಆರಂಭವಾಗಿ 1882ರಲ್ಲಿ ಎಗ್ಮೋರ್‌ಗೆ ಬಂದಿತಾದರೂ, ಪರಪುರುಷರ ಎದುರಿಗೆ ಬಾರದ ಮನೆತನಗಳ ಹೆಂಗಸರು ಅಲ್ಲಿಗೆ ಹೋಗುತ್ತಿರಲಿಲ್ಲ. ಮದ್ರಾಸ್ ವೈದ್ಯಕೀಯ ಕಾಲೇಜು 1875ರಲ್ಲಿ ಸೇರಿಸಿಕೊಂಡ ನಾಲ್ವರು ಮಹಿಳೆಯರಲ್ಲಿ ಒಬ್ಬರಾದ ಮೇರಿ ಶಾರ್ಲೀಬ್, ಲಂಡನ್ನಿನಲ್ಲಿ ಓದು ಮುಂದುವರಿಸಿ ಮರಳಿದ ಮೇಲೆ, ಅಂಥ ಹೆಂಗಸರಿಗಾಗಿ 1885ರಲ್ಲಿ ನುಂಗಂಬಾಕ್ಕಂನ ಮೂರ್ಸ್ ಗಾರ್ಡನ್‌ನಲ್ಲಿ ಆಸ್ಪತ್ರೆ ತೆರೆದರು. ವಿಕ್ಟೋರಿಯಾ ರಾಣಿಯ ಹೆಸರಿನ ಈ ಗೋಷಾ ಆಸ್ಪತ್ರೆ (ಗೋಷಾ ಎಂದರೆ ಪರದೆ) 1890ರಲ್ಲಿ ಚೇಪಾಕ್‌ಗೆ ಹೋಗಿ, ಈಗ ಕಸ್ತೂರಬಾ ಗಾಂಧಿ ಆಸ್ಪತ್ರೆಯಾಗಿದೆ. ಮನೆಯ ಮರ್ಯಾದೆಯ ನಿಯಮಗಳನ್ನು ಮುರಿಯದೆ, ಅವುಗಳಿಗೆ ತಕ್ಕಂತೆ ಆಸ್ಪತ್ರೆಯನ್ನೇ ರೂಪಿಸಿದ ಈ ಪ್ರಯೋಗದಿಂದ ಎಷ್ಟೋ ತಾಯಂದಿರು ಮೊದಲ ಬಾರಿಗೆ ವೈದ್ಯರನ್ನು ಕಂಡರು. ಕಾಂಗ್ರೆಸ್ ರಾಜಕಾರಣಿಯೂ ವೈದ್ಯರೂ ಆಗಿದ್ದ ಉಡುಪಿ ರಾಮರಾವ್, ಶಾಸನಸಭೆಯಲ್ಲಿ ಹೆಂಗಸರು ಮತ್ತು ಮಕ್ಕಳ ಪರವಾಗಿ ದನಿಯೆತ್ತಿದ ಮುತ್ತುಲಕ್ಷ್ಮಿ ರೆಡ್ಡಿ ಮೊದಲಾದವರ ತಲೆಮಾರಿನಲ್ಲಿ ಈ ತಿಳಿವಳಿಕೆ ನಗರದ ಸಾರ್ವಜನಿಕ ಜೀವನಕ್ಕೆ ಇಳಿಯಿತು. ಕೆಂಪುಬೆಟ್ಟದ ಕೆರೆಯಿಂದ 1872ರಲ್ಲಿ ಬಂದ ನೀರು 1914ರಲ್ಲಿ ಕಿಲ್ಪಾಕ್‌ನಲ್ಲಿ ಶೋಧನೆಗೆ ಒಳಗಾಗತೊಡಗಿದುದು ವಾಂತಿಭೇದಿಯಿಂದ ಸಾಯುವ ಮಕ್ಕಳ ಮಟ್ಟಿಗೆ ಯಾವ ಆಸ್ಪತ್ರೆಗೂ ಕಡಿಮೆಯಿಲ್ಲದ ಘಟನೆ.

ಹಿತ್ತಾಳೆ ಪಾತ್ರೆ ಮತ್ತು ಮಕ್ಕಳ ಪಿತ್ತಜನಕಾಂಗ

ಕುಟುಂಬದೊಳಗಿನ ಕಾಯಿಲೆ ಎಂಬ ಮಾತಿಗೆ ಭಾರತೀಯ ಬಾಲ ಯಕೃತ್ ಕಾಠಿಣ್ಯದಷ್ಟು ಸರಿಹೊಂದುವ ಉದಾಹರಣೆ ಇನ್ನೊಂದಿಲ್ಲ. ಯಕೃತ್ತು ಅಥವಾ ಪಿತ್ತಜನಕಾಂಗ ಗಟ್ಟಿಯಾಗಿ ಊದಿಕೊಂಡು, ಹೊಟ್ಟೆ ದೊಡ್ಡದಾಗಿ, ಕೊನೆಗೆ ಕಾಮಾಲೆ ಕಾಣಿಸಿಕೊಂಡು ಮಗು ಕೆಲವು ತಿಂಗಳಲ್ಲಿ ಸಾಯುವ ಈ ರೋಗ ಆರು ತಿಂಗಳಿಂದ ನಾಲ್ಕು ವರ್ಷದೊಳಗಿನ ಮಕ್ಕಳಿಗೆ ಬರುತ್ತಿತ್ತು. 1887ರಲ್ಲಿ ಕಲ್ಕತ್ತೆಯ ವೈದ್ಯರೊಬ್ಬರು ಇದನ್ನು ವಿವರಿಸಿದ ಮೇಲೆ ಮದ್ರಾಸ್, ಮೈಸೂರು, ಪುಣೆ ಮೊದಲಾದ ಕಡೆಗಳಿಂದ ವರದಿಗಳು ಬಂದವು. ವೈದ್ಯರನ್ನು ಬೆರಗುಗೊಳಿಸಿದ ಸಂಗತಿಗಳು ಎರಡು. ಬಡತನದ ರೋಗಗಳಂತಲ್ಲದೆ ಇದು ಶುಚಿತ್ವಕ್ಕೆ ಹೆಸರಾದ, ಹಸುವಿನ ಹಾಲಿಗೆ ಕೊರತೆಯಿಲ್ಲದ ಮಧ್ಯಮವರ್ಗದ ಮನೆಗಳಲ್ಲಿ, ಮದ್ರಾಸಿನಲ್ಲಿ ವಿಶೇಷವಾಗಿ ಬ್ರಾಹ್ಮಣ ಕುಟುಂಬಗಳಲ್ಲಿ ಹೆಚ್ಚಾಗಿ ಕಾಣಿಸಿಕೊಳ್ಳುತ್ತಿತ್ತು. ಮತ್ತು ಒಂದೇ ಮನೆಯಲ್ಲಿ ಒಂದರ ಹಿಂದೆ ಒಂದು ಮಗುವನ್ನು ಬಲಿ ತೆಗೆದುಕೊಳ್ಳುತ್ತಿತ್ತು.

ಮೊದಲ ಮಗು ಲಿವರ್ ಕಾಯಿಲೆಯಿಂದ ಹೋದ ಮನೆಯಲ್ಲಿ ಎರಡನೆಯದರ ಹೊಟ್ಟೆಯನ್ನು ದಿನವೂ ತಡವಿ ನೋಡುವ ಭೀತಿ ನೆಲೆಸುತ್ತಿತ್ತು. ನಾಗದೋಷವೆಂದು ನಾಗಪ್ರತಿಷ್ಠೆ ಮಾಡಿಸಿದವರು, ಪಿತೃಶಾಪವೆಂದು ರಾಮೇಶ್ವರಕ್ಕೆ ಹೋದವರು, ಸೊಸೆಯ ಕಾಲ್ಗುಣವನ್ನು ದೂರಿದವರು ಇದ್ದರು. ರಾಯಪೇಟೆಯಲ್ಲಿ 20ನೇ ಶತಮಾನದ ಆರಂಭದಲ್ಲಿ ಜಮ್ಮಿ ವೆಂಕಟರಮಣಯ್ಯನವರ ಮನೆತನದಿಂದ ಹೊರಬಂದ ಜಮ್ಮಿ ಲಿವರ್ ಕ್ಯೂರ್ ಎಂಬ ಔಷಧ ದಕ್ಷಿಣ ಭಾರತದ ಮನೆಮಾತಾದುದು ಈ ಭೀತಿಯ ಹಿನ್ನೆಲೆಯಲ್ಲಿ. ವಿಜ್ಞಾನಿಗಳೂ ಅನುವಂಶೀಯ ದೋಷ, ಆಹಾರದ ದೋಷ, ಸೋಂಕು ಎಂದು ಹಲವು ದಶಕ ನಾನಾ ಊಹೆಗಳನ್ನು ಮಾಡಿದರು.

ರೋಗಿಗಳ ಯಕೃತ್ತಿನಲ್ಲಿ ತಾಮ್ರದ ಪ್ರಮಾಣ ವಿಪರೀತವಾಗಿರುವುದು 1970ರ ದಶಕದಲ್ಲಿ ಖಚಿತವಾದ ಮೇಲೆ, 1980ರ ದಶಕದಲ್ಲಿ ಪುಣೆಯಲ್ಲಿ ಸ್ಟುವರ್ಟ್ ಟ್ಯಾನರ್ ಮತ್ತು ಸ್ಥಳೀಯ ವೈದ್ಯರು ನಡೆಸಿದ ಅಧ್ಯಯನಗಳು ಉತ್ತರವನ್ನು ಅಡುಗೆಮನೆಯಲ್ಲಿ ಕಂಡುಕೊಂಡವು. ಎಳೆಗೂಸಿಗೆ ಬೇಗನೆ ಹಸುವಿನ ಅಥವಾ ಎಮ್ಮೆಯ ಹಾಲನ್ನು ಆರಂಭಿಸಿ, ಆ ಹಾಲನ್ನು ಕಲಾಯಿ ಇಲ್ಲದ ಅಥವಾ ಕಲಾಯಿ ಸವೆದುಹೋದ ತಾಮ್ರ, ಹಿತ್ತಾಳೆ ಪಾತ್ರೆಯಲ್ಲಿ ಕಾಯಿಸಿ ಇಟ್ಟಾಗ, ಲೋಹದಿಂದ ಬಿಟ್ಟ ತಾಮ್ರ ಹಾಲಿನ ಪ್ರೋಟೀನಿಗೆ ಅಂಟಿಕೊಂಡು ಕೂಸಿನ ಹೊಟ್ಟೆ ಸೇರುತ್ತಿತ್ತು. ಒಂದೇ ಪಾತ್ರೆ, ಒಂದೇ ಪದ್ಧತಿ ಮನೆಯಲ್ಲಿ ಮುಂದುವರಿಯುತ್ತಿದ್ದುದರಿಂದ ಒಡಹುಟ್ಟಿದವರಿಗೂ ಅದೇ ಗತಿಯಾಗುತ್ತಿತ್ತು. ತಾಮ್ರವನ್ನು ತಾಳಿಕೊಳ್ಳಲಾರದ ಹುಟ್ಟುಗುಣವೂ ಕೆಲವು ಕುಟುಂಬಗಳಲ್ಲಿ ಸೇರಿಕೊಂಡಿರಬಹುದು. ತಾಮ್ರವನ್ನು ಮೈಯಿಂದ ಹೊರಹಾಕುವ ಪೆನಿಸಿಲಮೈನ್ ಎಂಬ ಔಷಧ ಬೇಗ ಆರಂಭಿಸಿದರೆ ಮಕ್ಕಳು ಉಳಿಯುತ್ತಾರೆಂಬುದೂ ತಿಳಿದುಬಂತು. ಆ ವೇಳೆಗೆ ಸ್ಟೇನ್‌ಲೆಸ್ ಸ್ಟೀಲ್ ಪಾತ್ರೆಗಳು ಮನೆಮನೆಯನ್ನು ತುಂಬುತ್ತಿದ್ದವು. 1990ರ ದಶಕ ಮುಗಿಯುವುದರೊಳಗೆ ರೋಗ ಹೆಚ್ಚುಕಡಿಮೆ ಕಣ್ಮರೆಯಾಯಿತು. ಮಕ್ಕಳಿಗೆ ಉತ್ತಮವಾದುದನ್ನೇ ಕೊಡಬೇಕೆಂದು ಹಾಲು ಕಾಯಿಸಿಟ್ಟ ತಾಯಂದಿರು ಯಾವ ಶಾಪಕ್ಕೂ ಒಳಗಾಗಿರಲಿಲ್ಲ ಎಂಬುದನ್ನು ವಿಜ್ಞಾನ ತಿಳಿಸುವಷ್ಟರಲ್ಲಿ, ದೋಷವನ್ನು ಹೊತ್ತು ಬದುಕಿದ ಒಂದೆರಡು ತಲೆಮಾರಿನ ಹೆಂಗಸರು ತೀರಿಕೊಂಡಿದ್ದರು.

ಕ್ಷಯ: ಚೇಟ್‌ಪೇಟ್‌ನ ಉತ್ತರ

ಮಕ್ಕಳಿರುವ ಮನೆಯಲ್ಲಿ ಕ್ಷಯರೋಗಿ ಇರಬಹುದೇ ಎಂಬ ಪ್ರಶ್ನೆ ಸ್ವಾತಂತ್ರ್ಯದ ಹೊತ್ತಿಗೆ ಅಸಂಖ್ಯ ಕುಟುಂಬಗಳನ್ನು ಕಾಡುತ್ತಿತ್ತು. ರೋಗಿಯನ್ನು ಸ್ಯಾನಟೋರಿಯಂ ಎಂಬ ದೂರದ ಆರೋಗ್ಯಧಾಮದಲ್ಲಿ ಇರಿಸುವುದೇ ಆಗಿನ ಸರ್ವಸಮ್ಮತ ಚಿಕಿತ್ಸೆ. ಆದರೆ ರೋಗಿಗಳ ಸಂಖ್ಯೆಗೆ ಹೋಲಿಸಿದರೆ ಹಾಸಿಗೆಗಳು ತೀರ ಕಡಿಮೆ. ದುಡಿಯುವ ತಂದೆಯೋ ಹಾಲೂಡುವ ತಾಯಿಯೋ ವರ್ಷಗಟ್ಟಲೆ ಹೊರಗಿದ್ದರೆ ಮಕ್ಕಳು ಹಸಿವಿನಿಂದಲೇ ಕಾಯಿಲೆ ಬೀಳುತ್ತಿದ್ದರು. 1956ರಲ್ಲಿ ಭಾರತೀಯ ವೈದ್ಯಕೀಯ ಸಂಶೋಧನಾ ಮಂಡಳಿ, ಮದ್ರಾಸ್ ಸರ್ಕಾರ, ವಿಶ್ವ ಆರೋಗ್ಯ ಸಂಸ್ಥೆ ಮತ್ತು ಬ್ರಿಟನ್ನಿನ ವೈದ್ಯಕೀಯ ಸಂಶೋಧನಾ ಮಂಡಳಿ ಸೇರಿ ಚೇಟ್‌ಪೇಟ್‌ನಲ್ಲಿ ಕ್ಷಯ ಔಷಧಚಿಕಿತ್ಸಾ ಕೇಂದ್ರವನ್ನು ತೆರೆದವು. ಇಂದಿನ ರಾಷ್ಟ್ರೀಯ ಕ್ಷಯ ಸಂಶೋಧನಾ ಸಂಸ್ಥೆ ಇದರ ಮುಂದುವರಿಕೆ.

ವ್ಯಾಲೇಸ್ ಫಾಕ್ಸ್ ನೇತೃತ್ವದಲ್ಲಿ ನಡೆದ ಮೊದಲ ಅಧ್ಯಯನದಲ್ಲಿ ನಗರದ ಬಡ ರೋಗಿಗಳನ್ನು ಎರಡು ಗುಂಪು ಮಾಡಿ, ಒಂದು ಗುಂಪನ್ನು ಸ್ಯಾನಟೋರಿಯಂಗೆ ಕಳುಹಿಸಿ, ಇನ್ನೊಂದನ್ನು ಇಕ್ಕಟ್ಟಾದ ಮನೆಗಳಲ್ಲಿಯೇ ಇರಗೊಟ್ಟು, ಇಬ್ಬರಿಗೂ ಐಸೋನಿಯಾಜಿಡ್ ಮತ್ತು ಪಿಎಎಸ್ ಎಂಬ ಔಷಧಗಳನ್ನು ಒಂದು ವರ್ಷ ಕೊಡಲಾಯಿತು. ಸ್ಯಾನಟೋರಿಯಂನವರಿಗೆ ಒಳ್ಳೆಯ ಊಟ, ಗಾಳಿ, ವಿಶ್ರಾಂತಿ ಇದ್ದರೂ ಗುಣವಾದವರ ಪ್ರಮಾಣದಲ್ಲಿ ಹೇಳಿಕೊಳ್ಳುವಂಥ ವ್ಯತ್ಯಾಸ ಕಾಣಲಿಲ್ಲ ಎಂಬ ಫಲಿತಾಂಶ 1959ರಲ್ಲಿ ಪ್ರಕಟವಾಯಿತು. ಕುಟುಂಬದ ದೃಷ್ಟಿಯಿಂದ ಇದಕ್ಕಿಂತ ಮಹತ್ವದ್ದು, ಅದೇ ಮನೆಗಳ ಮಕ್ಕಳನ್ನೂ ದೊಡ್ಡವರನ್ನೂ ಐದು ವರ್ಷ ಪರೀಕ್ಷಿಸುತ್ತ ಬಂದು 1966ರಲ್ಲಿ ಪ್ರಕಟಿಸಿದ ಅಧ್ಯಯನ. ಮನೆಯಲ್ಲಿ ಚಿಕಿತ್ಸೆ ಪಡೆದವರ ಮನೆಯವರಿಗೆ ಕ್ಷಯ ಹೆಚ್ಚಾಗಿ ತಗಲಲಿಲ್ಲ. ರೋಗ ಹರಡುವುದು ಬಹುಮಟ್ಟಿಗೆ ಚಿಕಿತ್ಸೆ ಆರಂಭವಾಗುವ ಮುನ್ನ, ಆರಂಭವಾದ ಮೇಲೆ ಅಪಾಯ ಬೇಗ ಇಳಿಯುತ್ತದೆ ಎಂಬುದು ಅದರ ತಾತ್ಪರ್ಯ. ಜಗತ್ತಿನಾದ್ಯಂತ ಸ್ಯಾನಟೋರಿಯಂಗಳು ಮುಚ್ಚಲು, ರೋಗಿಗಳಾದ ತಾಯಂದಿರು ಮಕ್ಕಳೊಂದಿಗೆ ಇರಲು ಈ ಅಧ್ಯಯನಗಳು ಆಧಾರವಾದವು. ಬೀಗ ಹಾಕಿದ ಬಾಗಿಲು, ಮರೆಮಾಚಿದ ಮಾತ್ರೆ, ನಿಲ್ಲಿಸಿದ ಮದ್ದು ಇವನ್ನೆಲ್ಲ ಸಹನೆಯಿಂದ ಎದುರಿಸುತ್ತ ಗಲ್ಲಿಗಲ್ಲಿಗೆ ಅಲೆದ ಆರೋಗ್ಯ ಸಂದರ್ಶಕಿಯರ ದುಡಿಮೆ ಇಲ್ಲದಿದ್ದರೆ ಇವು ಸಾಧ್ಯವಾಗುತ್ತಿರಲಿಲ್ಲ.

ಕ್ಷಯದ ವಿರುದ್ಧ ಮಕ್ಕಳಿಗೆ ಹಾಕುವ ಬಿಸಿಜಿ ಲಸಿಕೆಯ ಚರಿತ್ರೆ ಇಷ್ಟು ನೇರವಲ್ಲ. ಗಿಂಡಿಯಲ್ಲಿ 1948ರಲ್ಲಿ ಲಸಿಕಾ ಪ್ರಯೋಗಾಲಯ ಸ್ಥಾಪನೆಯಾದ ಮೇಲೆ ನಡೆದ ಸಾಮೂಹಿಕ ಆಂದೋಲನವನ್ನು ಸಿ. ರಾಜಗೋಪಾಲಾಚಾರಿ 1955ರಲ್ಲಿ ಬಹಿರಂಗವಾಗಿ ವಿರೋಧಿಸಿ ಕಿರುಪುಸ್ತಕ ಪ್ರಕಟಿಸಿದರು. ಚೆಂಗಲ್‌ಪಟ್ಟು ಜಿಲ್ಲೆಯಲ್ಲಿ 1968ರಿಂದ ನಡೆದ ಬೃಹತ್ ಪರೀಕ್ಷೆ, ದೊಡ್ಡವರ ಶ್ವಾಸಕೋಶದ ಕ್ಷಯದಿಂದ ಈ ಲಸಿಕೆ ರಕ್ಷಣೆ ಕೊಡಲಿಲ್ಲವೆಂದು ತೋರಿಸಿದರೂ, ಎಳೆಮಕ್ಕಳನ್ನು ಕೊಲ್ಲುವ ಮಿದುಳುಪೊರೆಯ ಕ್ಷಯದಿಂದ ಅದು ಕಾಪಾಡುತ್ತದೆಂದು ಬೇರೆ ಅಧ್ಯಯನಗಳು ಸಾಬೀತುಪಡಿಸಿದುದರಿಂದ, ಹುಟ್ಟಿದ ಕೂಸಿಗೆ ಅದನ್ನು ಹಾಕುವ ಪದ್ಧತಿ ಉಳಿದುಬಂತು.

ಶಾಲೆಯ ಊಟ

ಹಸಿದ ಮಗುವಿನ ಹೊಣೆ ತಾಯಿತಂದೆಯರದು ಮಾತ್ರವೇ ಎಂಬ ಪ್ರಶ್ನೆಗೆ ಮದ್ರಾಸ್ ನಗರಸಭೆ 1920ರಲ್ಲಿ ಉತ್ತರ ಕೊಡಲು ಯತ್ನಿಸಿತು. ಪಿ. ತ್ಯಾಗರಾಯ ಚೆಟ್ಟಿಯವರ ಅಧ್ಯಕ್ಷತೆಯಲ್ಲಿ ಆಗ ಮಾಡಿದ ತೀರ್ಮಾನದಂತೆ ಥೌಸಂಡ್ ಲೈಟ್ಸ್‌ನ ನಗರಸಭಾ ಶಾಲೆಯ ಮಕ್ಕಳಿಗೆ ಮಧ್ಯಾಹ್ನದ ಉಪಾಹಾರ ಕೊಡಲಾಯಿತು. ಪ್ರಾಥಮಿಕ ಶಿಕ್ಷಣದ ಹಣವನ್ನು ಇದಕ್ಕೆ ಬಳಸಬಾರದೆಂದು ಸರ್ಕಾರ ತಡೆದುದರಿಂದ 1925ರಲ್ಲಿ ಅದು ನಿಂತಿತು. 1956ರಲ್ಲಿ ಮುಖ್ಯಮಂತ್ರಿ ಕೆ. ಕಾಮರಾಜ್ ರಾಜ್ಯವ್ಯಾಪಿಯಾಗಿ ಊಟ ಆರಂಭಿಸಿದಾಗ, ಅದನ್ನು ನಡೆಸಿದವರು ಕಾಲೇಜು ರಸ್ತೆಯ ಸಾರ್ವಜನಿಕ ಶಿಕ್ಷಣ ಇಲಾಖೆಯ ನಿರ್ದೇಶಕರಾಗಿದ್ದ ನೆ.ದು. ಸುಂದರವಡಿವೇಲು. ಊರಿನವರ ಅಕ್ಕಿ, ತರಕಾರಿಗಳ ದಾನವೇ ಆರಂಭದ ಬಂಡವಾಳ. 1982ರ ಜುಲೈ 1ರಂದು ಎಂ.ಜಿ. ರಾಮಚಂದ್ರನ್ ಇದನ್ನು ಎರಡು ವರ್ಷ ತುಂಬಿದ ಮಕ್ಕಳಿಂದ ಆರಂಭಿಸಿ ಬಹಳ ವಿಸ್ತರಿಸಿದರು. 2022ರಲ್ಲಿ ಬೆಳಗಿನ ತಿಂಡಿಯೂ ಸೇರಿತು. ಕರ್ನಾಟಕದಲ್ಲಿ ಅಕ್ಷರ ದಾಸೋಹದ ಊಟಕ್ಕೆ 2013ರಲ್ಲಿ ಕ್ಷೀರಭಾಗ್ಯದ ಹಾಲು ಜೊತೆಯಾಯಿತು. ದುಡ್ಡು ಪೋಲಾಗುತ್ತದೆಂಬ ಟೀಕೆಯನ್ನು ಈ ಯೋಜನೆಗಳೆಲ್ಲ ಒಂದಲ್ಲ ಒಂದು ಕಾಲದಲ್ಲಿ ಎದುರಿಸಿದವು. ಆ ಟೀಕೆ ನಿಲ್ಲುವಂಥದ್ದಲ್ಲ. ಕೂಲಿಗೆ ಹೋಗುವ ತಾಯಿಗೆ ಮಧ್ಯಾಹ್ನದ ಒಂದು ಊಟದ ಚಿಂತೆ ತಪ್ಪುವುದೇ ಮಗುವಿನ ಆರೋಗ್ಯಕ್ಕೆ ದೊಡ್ಡ ಆಸರೆ.

ಮಕ್ಕಳ ಆಸ್ಪತ್ರೆಗಳು ಮತ್ತು ರಕ್ತಸಂಬಂಧದ ಪ್ರಶ್ನೆ

ಮಕ್ಕಳ ವೈದ್ಯವು ಪ್ರತ್ಯೇಕ ವಿಭಾಗವಾಗಿ ಮದ್ರಾಸಿನಲ್ಲಿ ಬೆಳೆದುದು ಸ್ವಾತಂತ್ರ್ಯದ ನಂತರದ ದಶಕಗಳಲ್ಲಿ. ಎಸ್.ಟಿ. ಆಚಾರ್ ಅವರ ದುಡಿಮೆಯಿಂದ ರೂಪುಗೊಂಡ ಎಗ್ಮೋರ್‌ನ ಸರ್ಕಾರಿ ಮಕ್ಕಳ ಆರೋಗ್ಯ ಸಂಸ್ಥೆ ಬಡ ಕುಟುಂಬಗಳ ಮುಖ್ಯ ಆಶ್ರಯವಾಯಿತು. ಅವರ ಹೆಸರಿನ ಪಠ್ಯಪುಸ್ತಕವನ್ನು ದೇಶದ ವೈದ್ಯ ವಿದ್ಯಾರ್ಥಿಗಳು ಓದುತ್ತ ಬಂದಿದ್ದಾರೆ. ನುಂಗಂಬಾಕ್ಕಂನ ನಾಗೇಶ್ವರ ರಸ್ತೆಯಲ್ಲಿರುವ ಕಂಚಿ ಕಾಮಕೋಟಿ ಚೈಲ್ಡ್ಸ್ ಟ್ರಸ್ಟ್ ಆಸ್ಪತ್ರೆ, ಮಕ್ಕಳ ಶಸ್ತ್ರಚಿಕಿತ್ಸಕ ಎಂ.ಎಸ್. ರಾಮಕೃಷ್ಣನ್ ಅವರ ಮುಂದಾಳತ್ವದಲ್ಲಿ 1978ರಲ್ಲಿ ಹುಟ್ಟಿದ ಟ್ರಸ್ಟಿನ ಫಲ. ಬ್ರಿಟನ್ನಿನ ಆಸ್ಪತ್ರೆಗಳಲ್ಲಿ ತಾಯಿತಂದೆಯರನ್ನು ವಾರಕ್ಕೆ ಕೆಲವು ಗಂಟೆ ಮಾತ್ರ ಒಳಗೆ ಬಿಡುವ ನಿಯಮವಿದ್ದು, 1959ರ ಪ್ಲಾಟ್ ವರದಿ ಅದನ್ನು ಬದಲಿಸಬೇಕೆಂದು ಹೇಳಬೇಕಾಯಿತು. ಭಾರತದ ವಾರ್ಡುಗಳಲ್ಲಿ ಮಾತ್ರ ತಾಯಿ ಮಗುವಿನ ಹಾಸಿಗೆಯ ಪಕ್ಕದಲ್ಲಿಯೇ ಮಲಗಿ, ಉಣಿಸಿ, ತೊಳೆದು, ದಾದಿಯ ಅರ್ಧ ಕೆಲಸವನ್ನು ಮೊದಲಿನಿಂದಲೂ ಮಾಡುತ್ತ ಬಂದಿದ್ದಾಳೆ. ಇದಕ್ಕೆ ದಾದಿಯರ ಕೊರತೆಯೂ ಕಾರಣವೆಂಬುದು ನಿಜವಾದರೂ, ಮಗುವಿನ ಮನಸ್ಸಿಗೆ ಇದರಿಂದಾದ ಒಳಿತು ಕಡಿಮೆಯದಲ್ಲ.

ಸೋಂಕುಗಳು ಇಳಿದಂತೆ ಹುಟ್ಟಿನಿಂದ ಬರುವ ದೋಷಗಳು ಹೆಚ್ಚು ಎದ್ದುಕಂಡವು. ಸೋದರಮಾವನನ್ನೋ ಅತ್ತೆಯ ಮಗನನ್ನೋ ಮದುವೆಯಾಗುವ ದಕ್ಷಿಣದ ರೂಢಿ ಇಲ್ಲಿ ವೈದ್ಯರ ಗಮನಕ್ಕೆ ಬಂತು. ಬೆಂಗಳೂರು ಮತ್ತು ಮೈಸೂರಿನಲ್ಲಿ 1980ರ ದಶಕದಲ್ಲಿ ನವಜಾತ ಶಿಶುಗಳ ತಪಾಸಣೆಯ ಜೊತೆಗೆ ನಡೆದ ಅಧ್ಯಯನದಲ್ಲಿ ಸುಮಾರು ಮೂರನೇ ಒಂದು ಭಾಗದ ಮದುವೆಗಳು ರಕ್ತಸಂಬಂಧದವಾಗಿದ್ದು, ಅವುಗಳಲ್ಲಿ ಸೋದರಮಾವನೊಂದಿಗಿನವೇ ಹೆಚ್ಚಾಗಿದ್ದವು. ತಾಯಿತಂದೆಯರಿಬ್ಬರಲ್ಲೂ ಅಡಗಿರುವ ಒಂದೇ ದೋಷ ಮಗುವಿನಲ್ಲಿ ಕೂಡಿಬರುವ ಸಾಧ್ಯತೆ ಇಂಥ ಮದುವೆಗಳಲ್ಲಿ ಹೆಚ್ಚುವುದರಿಂದ, ಹುಟ್ಟುಕಿವುಡು ಮತ್ತು ಕೆಲವು ಚಯಾಪಚಯ ರೋಗಗಳು ಅಧಿಕವಾಗಿ ಕಾಣುತ್ತವೆ. ಆಸ್ತಿ ಒಡೆಯದಿರಲಿ, ಮಗಳು ಪರರ ಮನೆಯಲ್ಲಿ ನೋಯದಿರಲಿ ಎಂಬ ಕಾಳಜಿಯಿಂದ ಬೆಳೆದ ಈ ಪದ್ಧತಿಯನ್ನು ಖಂಡಿಸುವುದಕ್ಕಿಂತ, ಮದುವೆಗೆ ಮುನ್ನ ಸಮಾಲೋಚನೆ ಒದಗಿಸುವುದು ಪರಿಣಾಮಕಾರಿಯೆಂದು ವೈದ್ಯರು ಕಂಡುಕೊಂಡಿದ್ದಾರೆ. ಮಕ್ಕಳ ಸಂಖ್ಯೆ ಇಳಿದಂತೆ ಒಡಹುಟ್ಟುಗಳೂ ಕಡಿಮೆಯಾಗಿ ಈ ರೂಢಿಯೂ ಕ್ಷೀಣಿಸುತ್ತಿದೆ.

ಭಾರತದಲ್ಲಿ 1971ರಲ್ಲಿ ಪ್ರತಿ 1000 ಜನನಗಳಿಗೆ 129ರಷ್ಟಿದ್ದ ಶಿಶುಮರಣ 2020ರಲ್ಲಿ 28ಕ್ಕೂ, ಅದೇ ವರ್ಷ ಕರ್ನಾಟಕದಲ್ಲಿ 19ಕ್ಕೂ ತಮಿಳುನಾಡಿನಲ್ಲಿ 13ಕ್ಕೂ ಇಳಿದಿತ್ತು. ಹಿಂದೆ ಉಳಿಯುತ್ತಿರದ ಮಕ್ಕಳು ಈಗ ಉಳಿಯುತ್ತಿರುವುದರಿಂದ ಮನೆಯ ಕೆಲಸದ ಸ್ವರೂಪವೂ ಬದಲಾಗಿದೆ. ತಿಂಗಳು ತುಂಬುವ ಮುನ್ನ ಹುಟ್ಟಿದ ಕೂಸನ್ನು ಎದೆಗೆ ಅಪ್ಪಿ ಬೆಚ್ಚಗಿಡುವುದು, ಮೊದಲ ಬಗೆಯ ಮಧುಮೇಹವುಳ್ಳ ಮಗುವಿಗೆ ದಿನಕ್ಕೆ ಹಲವು ಬಾರಿ ಇನ್ಸುಲಿನ್ ಚುಚ್ಚುವುದು, ರಕ್ತದ ಕ್ಯಾನ್ಸರಿನ ಮಾತ್ರೆಗಳನ್ನು ವರ್ಷಗಟ್ಟಲೆ ತಪ್ಪದೆ ನುಂಗಿಸುವುದು, ಉಬ್ಬಸಕ್ಕೆ ಇನ್‌ಹೇಲರ್ ಹಿಡಿಯುವುದು ಹೀಗೆ ಆಸ್ಪತ್ರೆಯ ಕೆಲಸವೇ ಮನೆಗೆ ಬಂದಿದೆ. ಅಜ್ಜಿ ಊರಲ್ಲಿ ಉಳಿದು, ಗಂಡಹೆಂಡತಿಯರಿಬ್ಬರೂ ದುಡಿಯಲು ಹೋಗುವ ನಗರದ ಸಣ್ಣ ಸಂಸಾರಗಳಲ್ಲಿ ಈ ಭಾರ ಹೆಚ್ಚಾಗಿ ತಾಯಿಯ ಮೇಲೆಯೇ ಬಿದ್ದು, ಎಷ್ಟೋ ಹೆಂಗಸರು ನೌಕರಿ ಬಿಡುತ್ತಾರೆ. ಇಂಥ ಆರೈಕೆಗೆ ವೇತನಸಹಿತ ರಜೆಯಾಗಲಿ ಶಾಲೆಗಳಲ್ಲಿ ದಾದಿಯರಾಗಲಿ ಸಾರ್ವತ್ರಿಕವಾಗಿ ಇನ್ನೂ ದೊರೆತಿಲ್ಲ.